ಥ್ರಸ್ಟರ್: ನೂಕುವುದೋ, ಒದೆಯುವುದೋ, ಚಿಮ್ಮುವುದೋ?

ಬಳಗದವರಿಗೆ ನಮಸ್ಕಾರ.

ಕೊಡಗಿನ ಸಿದ್ದಾಪುರದ ಹತ್ತಿರದ ಒಂದು ಪ್ರೌಢಶಾಲೆಯಲ್ಲಿ ಇದೇ 28ಕ್ಕೆ ವಿಜ್ಞಾನ ದಿನ. ಪಾಠ ಮಾಡುವುದು ನಿಂತು ಆರು ವರ್ಷವಾದರೂ ಫಲಕ ಬರೆದುಕೊಡುವ ಕೆಲಸದಿಂದ ಮಾತ್ರ ನನಗೆ ನಿವೃತ್ತಿ ಸಿಕ್ಕಿಲ್ಲ. ಈ ಸಲ ಒಂಬತ್ತನೆಯ ತರಗತಿಯವರು ಎರಡು ಮಾದರಿ ಮಾಡಿದ್ದಾರೆ. ಒಂದು ರಟ್ಟಿನ ಚಂದ್ರಯಾನ, ಇನ್ನೊಂದು ಪ್ಲಾಸ್ಟಿಕ್ ಟಬ್ಬಿನಲ್ಲಿ ತೇಲುವ ಹಡಗು. ನೌಕೆಯನ್ನೋ ಹಡಗನ್ನೋ ನೂಕಿ ಸರಿಸುವ ಸಾಧನಕ್ಕೆ ಎರಡರಲ್ಲೂ ಬಾಣದ ಗುರುತು ಹಾಕಿ ‘ಥ್ರಸ್ಟರ್’ ಎಂದು ಬರೆದಿದ್ದರು. "ಕನ್ನಡದಲ್ಲಿ ಏನಂತ ಬರೆಯೋದು ಸಾರ್?" ಎಂದು ಒಬ್ಬಳು ಕೇಳಿದಳು. "ನಾಳೆ ಹೇಳ್ತೇನಮ್ಮ" ಎಂದು ಬಂದವನು ಹತ್ತು ದಿನದಿಂದ ಅವಳ ಕಣ್ಣಿಗೆ ಬೀಳದ ಹಾಗೆ ಓಡಾಡುತ್ತಿದ್ದೇನೆ.

ಮೊದಲ ದಿನ ಸೋಮಾರಿತನದಿಂದ ಫೋನಿನ ಅನುವಾದಕ್ಕೆ ಮೊರೆಹೋದೆ. ‘ನೌಕೆಯ ಮನೋಭಾವವನ್ನು ಸರಿಪಡಿಸಲು ಸಣ್ಣ ಒತ್ತುಗಾರರನ್ನು ವಜಾಗೊಳಿಸಲಾಗುತ್ತದೆ’ ಎಂದು ಬಂತು. ಥ್ರಸ್ಟರನ್ನು ‘ಫೈರ್’ ಮಾಡುವುದು ಕೆಲಸದಿಂದ ವಜಾ ಆಗಿತ್ತು, ಹಡಗಿನ ಬೋ ಥ್ರಸ್ಟರ್ ಅಲ್ಲಿ ‘ಬಿಲ್ಲು’ ಆಗಿತ್ತು. ಹಡಗಿನ ಮೂತಿಗೂ ಬಿಲ್ಲಿಗೂ ಇಂಗ್ಲಿಷಿನಲ್ಲಿ ಒಂದೇ ಕಾಗುಣಿತ, ಯಂತ್ರವನ್ನು ಬೈದು ಫಲವಿಲ್ಲ. ‘ಆಟಿಟ್ಯೂಡ್’ ಹೋಗಿ ಮನೋಭಾವ ಆದದ್ದರ ಬಗ್ಗೆ ಮಾತ್ರ ಒಂದು ಮಾತು. ನೌಕೆ ಯಾವ ಕಡೆ ಮುಖ ಮಾಡಿದೆ, ಎಷ್ಟು ವಾಲಿದೆ ಎಂಬುದಕ್ಕೆ ‘ನಿಲುವು’ ಸೊಗಸಾಗಿ ಒಪ್ಪುತ್ತದೆ. ಮನುಷ್ಯರ ಅಭಿಪ್ರಾಯಕ್ಕೂ ನಾವು ಅದೇ ಪದ ಬಳಸುವುದರಿಂದ ಇಂಗ್ಲಿಷಿನಲ್ಲಿರುವ ಎರಡರ್ಥವೂ ಉಳಿಯಿತು. ಅದನ್ನು ಫಲಕಕ್ಕೆ ಏರಿಸಿಯಾಯಿತು. ತಕರಾರು ಉಳಿದಿರುವುದು ಥ್ರಸ್ಟರಿನದೊಂದೇ.

ಥ್ರಸ್ಟ್ ಎಂಬುದಕ್ಕೆ ‘ನೂಕುಬಲ’ ಎಂದೋ ಬೇರುಬಿಟ್ಟಿದೆ, ಅದನ್ನು ಅಲ್ಲಾಡಿಸುವ ಇರಾದೆ ನನಗಿಲ್ಲ. ಹಳಗನ್ನಡದ ‘ನೂಂಕು’ವಿನಿಂದ ನೂಕುನುಗ್ಗಲಿನವರೆಗೆ ಬಂದ ಗಟ್ಟಿ ಪದ ಅದು. ತೊಡಕು ಬರುವುದು ಆ ಬಲವನ್ನು ಕೊಡುವ ಸಾಧನಕ್ಕೆ ಹೆಸರಿಡುವಾಗ. ‘ನೂಕುಗ’ ಎನ್ನೋಣವೇ? ‘ಗ’ ಹಚ್ಚಿದ ಕೂಡಲೇ ಅಂಬಿಗ, ಗಾಣಿಗ, ಹೂವಾಡಿಗರ ಸಾಲಿನಲ್ಲಿ ಒಬ್ಬ ಮನುಷ್ಯ ಬಂದು ನಿಲ್ಲುತ್ತಾನೆ. ‘ತಳ್ಳುಕ’ ಎಂದು ಪಕ್ಕದ ಮನೆಯ ಮಲಯಾಳಿ ಗೆಳೆಯರ ಮುಂದೆ ಹೇಳಿ ನೋಡಿದೆ. ಅವರ ಈಚಿನ ಆಡುಮಾತಿನಲ್ಲಿ ‘ತಳ್ಳ್’ ಎಂದರೆ ಬಡಾಯಿಯಂತೆ. "ಅಂದ್ರೆ ಬಡಾಯಿ ಕೊಚ್ಚಿಯೇ ಚಂದ್ರನಿಗೆ ಹೋದದ್ದಾ ಮಾಸ್ಟ್ರೇ?" ಎಂದು ನಕ್ಕರು. ಸಿದ್ದಾಪುರದಲ್ಲಿ ಆ ಪದ ಫಲಕದ ಮೇಲೆ ಹೋದರೆ ಅರ್ಧ ಊರು ನಗುತ್ತದೆ.

ಈ ಕ್ರಿಯಾಪದಗಳ ಬಣ್ಣವನ್ನು ಸ್ವಲ್ಪ ನೋಡಿ. ತಳ್ಳುವುದು ಮೈ ತಾಗಿಸಿ, ಮೆಲ್ಲಗೆ. ಕೆಟ್ಟುನಿಂತ ಜೀಪನ್ನು ತಳ್ಳುತ್ತೇವೆ. ದಬ್ಬುವುದು ಸಿಟ್ಟಿನಲ್ಲಿ, ಕತ್ತು ಹಿಡಿದು. ದೂಡುವುದರಲ್ಲಿ ಬೇಸರವಿದೆ, ನಮ್ಮ ಕಡೆ ಮಳೆಗಾಲವನ್ನು ಕಳೆಯುವುದಿಲ್ಲ, ದೂಡುತ್ತೇವೆ. ನೂಕುವುದರಲ್ಲಿ ಒಂದು ರಭಸವಿದೆ. ಆದರೆ ಇವೆಲ್ಲದರಲ್ಲೂ ಕರ್ತೃ ನಿಂತಲ್ಲೇ ನಿಂತಿರುತ್ತಾನೆ, ದೂರ ಹೋಗುವುದು ಕರ್ಮ. ಥ್ರಸ್ಟರಿನಲ್ಲಿ ಹೊರಡಬೇಕಾದದ್ದು ಕರ್ತೃವೇ. ಪದ ಸಿಗದಿರುವುದಕ್ಕೆ ಕಾರಣ ಇಲ್ಲೇ ಇದೆ ಎಂದು ನನಗೆ ಹೊಳೆದದ್ದು ಹೊಳೆಯ ಬದಿಯಲ್ಲಿ.

ಕಾವೇರಿಯಲ್ಲಿ ದೋಣಿ ನಡೆಸುತ್ತಿದ್ದ ಹಿರಿಯರೊಬ್ಬರಿದ್ದಾರೆ. ಈಗ ದುಬಾರೆ ಕಡೆಯೆಲ್ಲ ಮೋಟಾರು ದೋಣಿ, ಅದರ ಪ್ರೊಪೆಲ್ಲರನ್ನು ಇವರು ‘ಫ್ಯಾನ್’ ಎಂದೇ ಕರೆಯುತ್ತಾರೆ. ಹಿಂದಿನ ಕಾಲದಲ್ಲಿ ಹೇಗೆ ಎಂದು ಕೇಳಿದೆ. "ಅಡಿ ಸಿಕ್ಕಿದ್ರೆ ಗಳ, ಸಿಕ್ಕದಿದ್ರೆ ಹುಟ್ಟು" ಎಂದರು. ಎರಡೂ ಇಲ್ಲದಿದ್ದರೆ? "ಎರಡೂ ಇಲ್ಲದಿದ್ರೆ ಬಾಯಿಗೆ ಬಂದ ದೇವರು, ಮಾಸ್ಟ್ರೇ."

ಇಷ್ಟರಲ್ಲೇ ಇಡೀ ಪಾಠವಿದೆ. ಬಿದಿರಿನ ಗಳವನ್ನು ಹೊಳೆಯ ತಳದ ಬಂಡೆಗೆ ಊರಿ ಒತ್ತಿದರೆ ನೂಕುವುದು ನೆಲವನ್ನು. ನೆಲ ಜಗ್ಗುವುದಿಲ್ಲ, ಅದಕ್ಕೇ ದೋಣಿ ಹೊರಡುತ್ತದೆ. ಹುಟ್ಟು ಹಾಕಿದರೆ ನೂಕುವುದು ನೀರನ್ನು. ಒಂದಿಷ್ಟು ನೀರು ಹಿಂದೆ ಸರಿಯುತ್ತದೆ, ದೋಣಿ ಮುಂದೆ ಬರುತ್ತದೆ. ಹಡಗಿನ ಥ್ರಸ್ಟರ್ ಈ ಹುಟ್ಟಿನ ಜಾತಿ. ಬಾಹ್ಯಾಕಾಶದಲ್ಲಿ ಊರಲು ನೆಲವಿಲ್ಲ, ಸರಿಸಲು ನೀರಿಲ್ಲ. ಅಲ್ಲಿ ಉಳಿದಿರುವುದು ದೋಣಿಯೊಳಗಿನ ಸಾಮಾನನ್ನೇ ಒಂದೊಂದಾಗಿ ಹಿಂದಕ್ಕೆ ಎಸೆಯುವ ಉಪಾಯ. ಎಸೆಯುವ ಕೈಯ ಜೋರು ಎಷ್ಟೋ ದೋಣಿಯ ಓಟ ಅಷ್ಟು, ಸಾಮಾನು ಮುಗಿದ ದಿನ ಆಟವೂ ಮುಗಿಯಿತು. ಉಪಗ್ರಹಗಳ ಆಯುಸ್ಸನ್ನು ಎಷ್ಟೋ ಸಲ ಅದರ ಟ್ಯಾಂಕಿನಲ್ಲಿ ಉಳಿದ ಸಾಮಾನಿನಿಂದಲೇ ಲೆಕ್ಕ ಹಾಕುವುದು ಇದಕ್ಕೇ.

ಹಾಗಾದರೆ ಅಲ್ಲಿ ಆಗುವುದು ನೂಕುವುದಲ್ಲ, ಎಸೆಯುವುದು. ಈ ತಿಂಗಳು ನಮ್ಮಲ್ಲಿ ಎಲ್ಲರಿಗೂ ಕಾಣುವ ಸಾಕ್ಷಿ ಒಂದಿದೆ. ಹೂ ಅರಳಿಸುವ ಹೂಮಳೆ ಬಾರದೆ ರೋಬಸ್ಟಾ ಕಾಫಿಗೆ ಸ್ಪ್ರಿಂಕ್ಲರ್ ಹಾಕುವ ಸಮಯ. ಮೊನ್ನೆ ನಮ್ಮ ತೋಟದಲ್ಲಿ ಪಂಪು ಚಾಲೂ ಮಾಡಿದ ಎರಡೇ ನಿಮಿಷಕ್ಕೆ ಒಂದು ಜೋಡಣೆ ಕಳಚಿ ಹೋಸಿನ ತುದಿ ಹೆಡೆಯೆತ್ತಿದ ಹಾವಿನ ಹಾಗೆ ಕುಣಿಯತೊಡಗಿತು. ನೀರು ಒಂದು ಕಡೆಗೆ, ಹೋಸು ಅದರ ವಿರುದ್ಧ ಕಡೆಗೆ. ಹಿಡಿಯಲು ಹೋದ ಹುಡುಗನಿಗೆ ಕೆನ್ನೆಗೆ ಒಂದು ಬಿತ್ತು. ಕೊನೆಗೆ ಇಬ್ಬರು ಅದರ ಮೇಲೆ ಕೂತರು, ಮೂರನೆಯವನು ಓಡಿಹೋಗಿ ಪಂಪು ಬಂದ್ ಮಾಡಿದ. ಸೆಕೆಂಡಿಗೆ 5 ಲೀಟರ್ ನೀರು 20 ಮೀಟರ್ ವೇಗದಲ್ಲಿ ಹೊರಬಿದ್ದರೆ ತುದಿಯ ಮೇಲೆ 100 ನ್ಯೂಟನ್ ಬಲ ಬೀಳುತ್ತದೆ, ಹೆಚ್ಚುಕಡಿಮೆ 10 ಕೆಜಿ ಭಾರ. ಮಂಗಳಯಾನದ ದೊಡ್ಡ ಎಂಜಿನ್ 440 ನ್ಯೂಟನ್‌ನದು. ಅಂದರೆ ಒಂದು ಕಾಫಿ ಚೀಲದ ತೂಕಕ್ಕೂ ತುಸು ಕಡಿಮೆ. ಅದರ ಜೊತೆಗಿದ್ದ ಎಂಟು ಸಣ್ಣವು ತಲಾ 22 ನ್ಯೂಟನ್‌ನವು. 2014ರ ಸೆಪ್ಟೆಂಬರ್ 24ರಂದು ನೌಕೆಯನ್ನು ಮಂಗಳನ ಕಕ್ಷೆಗೆ ಇಳಿಸಿದ್ದು ಈ ಒಂಬತ್ತೇ.

ಹೋಸಿನ ವಿಷಯ ಕೇಳಿದ ನಮ್ಮ ಪಕ್ಕದ ತೋಟದ ಯಜಮಾನರು, "ಅದಕ್ಕೇನು ಪದ ಹುಡುಕ್ತೀರಿ, ಕೋವಿ ಒದೆಯೋದಿಲ್ವಾ?" ಎಂದರು. ಕೊಡಗಿನಲ್ಲಿ ಬಂದೂಕು ಎನ್ನುವವರು ಕಡಿಮೆ, ನಮಗದು ಕೋವಿ. ಕೊಡವರ ಆಯುಧಪೂಜೆಯ ಹಬ್ಬವಾದ ಕೈಲ್ ಮುಹೂರ್ತದಲ್ಲಿ ತೆಂಗಿನಕಾಯಿಗೆ ಗುರಿಯಿಟ್ಟು ಹೊಡೆಯುವಾಗ ಮೊದಲ ಸಲದವರ ಭುಜ ನೀಲಿಗಟ್ಟುತ್ತದೆ. ಗುಂಡು ಮುಂದೆ, ಒದೆ ಹಿಂದೆ. ‘ಪ್ರತಿಕ್ರಿಯೆ’ ಎಂಬ ಪಠ್ಯದ ಪದವನ್ನು ಪತ್ರಿಕೆಯವರು ‘ಮಂತ್ರಿಗಳ ಪ್ರತಿಕ್ರಿಯೆ’ ಮಾಡಿ ಸವೆಸಿಬಿಟ್ಟಿದ್ದಾರೆ. ಮಕ್ಕಳಿಗೆ ನ್ಯೂಟನ್ನನ ಮೂರನೆಯ ನಿಯಮ ತಲೆಗೆ ಇಳಿಯಬೇಕಾದರೆ ‘ಒದೆ’ಯೇ ಸರಿ. 2023ರಲ್ಲಿ ಸರಿಸುಮಾರು ಇದೇ ಕೈಲ್ ಮುಹೂರ್ತದ ಹೊತ್ತಿಗೆ, ಸೆಪ್ಟೆಂಬರ್ 3ರಂದು, ಚಂದ್ರಯಾನ-3ರ ವಿಕ್ರಮ್ ಲ್ಯಾಂಡರ್ ಚಂದ್ರನ ನೆಲದಿಂದ 40 ಸೆಂಟಿಮೀಟರ್‌ನಷ್ಟು ಎದ್ದು ಪಕ್ಕಕ್ಕೆ ಹೋಗಿ ಕೂತಿತ್ತು. ಅದೂ ಒದೆಯ ಮಹಿಮೆಯೇ.

ಕೋವಿಯಿಂದ ನನಗೆ ಇನ್ನೊಂದು ಪದವೂ ಸಿಕ್ಕಿತು: ಈಡು, ಅಂದರೆ ಒಂದು ಸಲದ ಗುಂಡಿನ ಹೊಡೆತ. ಥ್ರಸ್ಟರನ್ನು ನೀರಿನ ನಲ್ಲಿಯ ಹಾಗೆ ಬಿಟ್ಟುಬಿಡುವುದಿಲ್ಲ. ನಿಲುವು ತಿದ್ದುವಾಗ ಚಿಟಿಕೆ ಹೊಡೆದಷ್ಟು ಹೊತ್ತೂ ಅಲ್ಲ, ಅದಕ್ಕಿಂತ ಕಡಿಮೆ ಕಾಲ ತೆರೆದು ಮುಚ್ಚುತ್ತಾರೆ. ನಾಸಾದ ವಾಯೇಜರ್ 1 ನೌಕೆಯಲ್ಲಿ 37 ವರ್ಷ ಮುಟ್ಟದೆ ಬಿಟ್ಟಿದ್ದ ನಾಲ್ಕು ಥ್ರಸ್ಟರುಗಳನ್ನು 2017ರ ನವೆಂಬರ್‌ನಲ್ಲಿ ಪರೀಕ್ಷಿಸಿದಾಗ ಹತ್ತು ಹತ್ತು ಮಿಲಿಸೆಕೆಂಡಿನ ಮಿಡಿತಗಳಲ್ಲೇ ಪರೀಕ್ಷಿಸಿದ್ದು. ಐನ್‌ಮನೆಯ, ಅಂದರೆ ಕೊಡವ ಕುಟುಂಬದ ಮೂಲಮನೆಯ, ಗೋಡೆಯ ಮೇಲೆ ಅಜ್ಜನ ಕಾಲದಿಂದ ತೂಗುಹಾಕಿದ್ದ ಕೋವಿ ಮೊದಲ ಸಲಕ್ಕೇ ಹಾರಿದ ಹಾಗೆ! ಈ ಮಿಡಿತಕ್ಕೆ ‘ಒಂದು ಈಡು’ ಎಂದರೆ ಏನು ತಪ್ಪು? ಪತ್ರಿಕೆಗಳಲ್ಲಿ ‘ಥ್ರಸ್ಟರ್ ಉರಿಸಲಾಯಿತು’ ಎಂದು ಬರುತ್ತದಲ್ಲ, ಅದು ನನಗೆ ಒಗ್ಗದು. ಎಲ್ಲ ಥ್ರಸ್ಟರಿನಲ್ಲೂ ಉರಿಯಿಲ್ಲ. ಕೆಲವದರಲ್ಲಿ ಒತ್ತಿಟ್ಟ ನೈಟ್ರೋಜನ್ ಸುಮ್ಮನೆ ಹೊರಬೀಳುತ್ತದೆ, ಅಷ್ಟೇ. ಹೈಡ್ರಜೀನ್ ಎಂಬ ದ್ರವವೊಂದನ್ನೇ ಬಳಸುವ ಕಡೆಯೂ ಅದು ಇರಿಡಿಯಮ್ ಲೇಪದ ಹರಳುಗಳ ಮೇಲೆ ಹಾಯ್ದಾಗ ತಾನೇ ಒಡೆದು ಬಿಸಿ ಅನಿಲವಾಗುತ್ತದೆ. ಸುಡಲು ಎರಡನೆಯ ವಸ್ತುವೇ ಬೇಡ.

ಸಂಸ್ಕೃತದ ದಾರಿಯನ್ನೂ ತುಳಿದು ಬಂದೆ. ನುದ್ ಎಂದರೆ ನೂಕು. ಅದರಿಂದ ನೋದನ, ನೋದಕ. ಬೇಸರವನ್ನು ನೂಕಿಹಾಕುವ ‘ವಿನೋದ’ವೂ ಇದೇ ಧಾತುವಿನದು. ನಾನು ಓದಿಕೊಂಡ ಹಳೆಯ ವಿಜ್ಞಾನ ಬರಹಗಳಲ್ಲಿ ನೋದಕ ಎಂದರೆ ಟ್ಯಾಂಕಿನಲ್ಲಿ ತುಂಬುವ ಸಾಮಗ್ರಿ, ಸಾಧನವಲ್ಲ. ಈಗ ಸಾಧನಕ್ಕೂ ಅದನ್ನೇ ಕೊಟ್ಟರೆ ಗೊಂದಲ. ಮೇಲಾಗಿ ಫಲಕದ ಹುಡುಗಿ, "ನೋದಕ ಅಂದ್ರೆ ಉದಕ ಇಲ್ಲದ್ದಾ ಸಾರ್?" ಎಂದಳು. ಹಡಗಿಗೆ ಅದನ್ನು ಹಚ್ಚುವ ಧೈರ್ಯ ಅಲ್ಲಿಗೆ ಹೋಯಿತು.

ನನ್ನ ಒಲವು ಈಗ ಬೇರೆ ಕಡೆಗಿದೆ. ಕನ್ನಡ ತನ್ನ ಸಲಕರಣೆಗಳಿಗೆ ಹೆಸರಿಡುವ ರೀತಿಯನ್ನು ನೋಡಿ: ಊದುಗೊಳವೆ, ಬೀಸುಕಲ್ಲು, ಕಡೆಗೋಲು, ತಳ್ಳುಗಾಡಿ. ಮೊದಲು ಕೆಲಸ, ಆಮೇಲೆ ವಸ್ತು. ಪ್ರತ್ಯಯದ ಗೋಜೇ ಇಲ್ಲ. ಹಾಗಾದರೆ ‘ನೂಕುಗೊಳವೆ’ ಆಗಬಹುದು. ಆದರೆ ನೂಕಿಗಿಂತ ಒಳ್ಳೆಯ ಕ್ರಿಯಾಪದ ಒಂದು ನಮ್ಮ ಕೈಯಲ್ಲೇ ಇದೆ: ಚಿಮ್ಮು. ಹೋಸಿನಿಂದ ನೀರು ಚಿಮ್ಮುತ್ತದೆ, ರಾಕೆಟ್ಟೂ ‘ನಭಕ್ಕೆ ಚಿಮ್ಮಿತು’ ಎಂದು ಮರುದಿನದ ಪತ್ರಿಕೆಯಲ್ಲಿ ತಪ್ಪದೆ ಬರುತ್ತದೆ. ಹಿಂದಕ್ಕೆ ಹೋಗುವುದಕ್ಕೂ ಮುಂದಕ್ಕೆ ನೆಗೆಯುವುದಕ್ಕೂ ಒಂದೇ ಮಾತು! ಕರ್ತೃ ನಿಂತಲ್ಲೇ ಉಳಿಯುವ ತೊಂದರೆ ಇಲ್ಲಿಲ್ಲ. ಚಿಮ್ಮುಹಲಗೆ ಈಗಾಗಲೇ ಬಳಕೆಯಲ್ಲಿರುವಾಗ ‘ಚಿಮ್ಮುಗೊಳವೆ’ ಕಿವಿಗೆ ಹೊಸತೂ ಅನ್ನಿಸದು.

ಆಕ್ಷೇಪಗಳು ನನಗೇ ಎರಡು ಹೊಳೆದಿವೆ. ಚಿಮ್ಮು ಎಂದರೆ ಥಟ್ಟನೆ, ರಭಸದಿಂದ. ಅಯಾನ್ ಥ್ರಸ್ಟರಿನ ಸ್ವಭಾವ ಹಾಗಲ್ಲ. 2007ರಲ್ಲಿ ಹೊರಟ ನಾಸಾದ ಡಾನ್ ನೌಕೆಯದು ಕ್ಸೆನಾನ್ ಅನಿಲಕ್ಕೆ ವಿದ್ಯುದಾವೇಶ ಕೊಟ್ಟು ಎಸೆಯುವ ಎಂಜಿನ್. ಅದರ ಪೂರ್ತಿ ಬಲ ಎಂದರೆ ನಾವು ಒಂದು ಲೋಟ ಕಾಫಿಗೆ ಫಿಲ್ಟರಿಗೆ ಹಾಕುವ ಪುಡಿ ಅಂಗೈ ಮೇಲೆ ಕೂತಷ್ಟು, ಒಂಬತ್ತು ಗ್ರಾಂ ಆಸುಪಾಸು. ಆದರೆ ಎಸೆತದ ವೇಗ ಸೆಕೆಂಡಿಗೆ 30 ಕಿಲೋಮೀಟರ್. ತಿಂಗಳುಗಟ್ಟಲೆ ಬಿಡದೆ ನಡೆದು, 425 ಕೆಜಿ ಕ್ಸೆನಾನ್ ತುಂಬಿಕೊಂಡು ವೆಸ್ಟಾ ಎಂಬ ಕ್ಷುದ್ರಗ್ರಹ, ಸಿರಿಸ್ ಎಂಬ ಕುಬ್ಜಗ್ರಹ ಎರಡನ್ನೂ ಸುತ್ತಿತು. ಇಸ್ರೋ ಕೂಡ 2017ರ ಜಿಸ್ಯಾಟ್-9ರಲ್ಲಿ ಕ್ಸೆನಾನ್ ಬಳಸುವ ವಿದ್ಯುತ್ ಥ್ರಸ್ಟರ್ ಇಟ್ಟಿತ್ತು. ಇದನ್ನು ಚಿಮ್ಮುವುದು ಎನ್ನಲು ನಾಲಗೆ ಸ್ವಲ್ಪ ತಡೆಯುತ್ತದೆ. ಒಸರು, ಜಿನುಗು ಎಂದರೆ ವೇಗವೇ ಹೊರಟುಹೋಗುತ್ತದೆ.

ಎರಡನೆಯದು ಹಡಗಿನ ಕಡೆಯಿಂದ. ವ್ಯಾಪಾರಿ ಹಡಗಿನಲ್ಲಿ ಎಂಜಿನಿಯರ್ ಆಗಿರುವ ನನ್ನ ಹಳೆಯ ಶಿಷ್ಯನೊಬ್ಬ ರಜೆಯಲ್ಲಿ ಬಂದಿದ್ದ, ಅವನನ್ನು ಹಿಡಿದು ಕೂರಿಸಿದೆ. ಚುಕ್ಕಾಣಿಗೆ ಶಕ್ತಿ ಬರುವುದು ಅದರ ಮೇಲೆ ನೀರು ಹರಿದಾಗ. ಬಂದರಿನಲ್ಲಿ ಹಡಗು ಆಮೆಯಂತೆ ತೆವಳುವಾಗ ಚುಕ್ಕಾಣಿ ಇದ್ದೂ ಇಲ್ಲದಂತೆ. ಆಗ ಬೇಕಾಗುವುದು ಬೋ ಥ್ರಸ್ಟರ್. ಹಡಗಿನ ಮೂತಿಯ ಬಳಿ, ನೀರಿನ ಮಟ್ಟದ ಕೆಳಗೆ, ಎಡದಿಂದ ಬಲಕ್ಕೆ ಆರಪಾರ ಕೊರೆದ ಒಂದು ಕೊಳವೆ, ಅದರೊಳಗೆ ಪ್ರೊಪೆಲ್ಲರ್. ನೀರನ್ನು ಎಡಕ್ಕೆ ಎಸೆದರೆ ಮೂತಿ ಬಲಕ್ಕೆ ಸರಿಯುತ್ತದೆ. ಹಡಗು ವೇಗ ಹಿಡಿದರೆ ಇದರ ಆಟ ನಡೆಯುವುದಿಲ್ಲ. ಕೊಳವೆ ಇದೆ, ಚಿಮ್ಮುವುದಿದೆ, ಹಾಗಾಗಿ ಚಿಮ್ಮುಗೊಳವೆ ಇಲ್ಲಿಗೆ ಇನ್ನೂ ಚೆನ್ನಾಗಿ ಕೂರುತ್ತದೆ ಎಂದು ನಾನು ಹಿಗ್ಗಿದೆ. "ಅಜಿಮತ್ ಥ್ರಸ್ಟರಿಗೆ ಏನ್ಮಾಡ್ತೀರಿ ಸಾರ್?" ಎಂದು ಅವನು ಗಾಳಿ ತೆಗೆದ. ಅದು ಹಡಗಿನ ಅಡಿಗೆ ನೇತುಬಿದ್ದು 360 ಡಿಗ್ರಿ ತಿರುಗುವ ಪ್ರೊಪೆಲ್ಲರ್. ಚುಕ್ಕಾಣಿಯ ಕೆಲಸವೂ ಅದರದೇ. ಅದಕ್ಕೆ ‘ತಿರುಗುನೂಕಿ’ ಎಂದು ಅವನೇ ಒಂದು ಹೊಸೆದ. ಕೇಳಲು ಮಕ್ಕಳ ಆಟಿಕೆಯಂತಿದೆ, ಆದರೂ ಬರೆದಿಟ್ಟುಕೊಂಡಿದ್ದೇನೆ.

‘ಥ್ರಸ್ಟರ್’ ಅಂತಲೇ ಇರಲಿ, ಬಸ್ಸು ಬಲ್ಬುಗಳು ನಮ್ಮವಾಗಲಿಲ್ಲವೇ ಎನ್ನುವವರು ಇಲ್ಲಿ ಇದ್ದೇ ಇರುತ್ತಾರೆ. ನನಗೂ ಮಡಿವಂತಿಕೆಯಿಲ್ಲ. ಆದರೆ ಹೋದ ವರ್ಷದ ಫಲಕದಲ್ಲಿ ಡಿಟಿಪಿಯವರು ಅದನ್ನು ‘ದ್ರಷ್ಟಾರ’ ಮಾಡಿದ್ದರು. ‘ಲ್ಯಾಂಡರಿನ ನಾಲ್ಕು ಮೂಲೆಗಳಲ್ಲಿ ದ್ರಷ್ಟಾರರಿದ್ದಾರೆ’ ಎಂದು ಓದಿದ ಮುಖ್ಯ ಅತಿಥಿಗಳು ಋಷಿಪರಂಪರೆಯ ಮೇಲೆ ಕಾಲು ಗಂಟೆ ಮಾತಾಡಿದರು.

ಫಲಕ ಬರೆಯುವವರಿಗೆ ಗುರುವಾರದೊಳಗೆ ಕೊಡಬೇಕು. ನೌಕೆಗೂ ಹಡಗಿಗೂ ಒಂದೇ ಪದ ಇರಲೇಬೇಕೇ, ಅಥವಾ ‘ಚಿಮ್ಮುಗೊಳವೆ’ಯನ್ನು ನೌಕೆಗೆ ಬಿಟ್ಟು ಹಡಗಿಗೆ ಬೇರೆ ಹುಡುಕೋಣವೇ? ಕರಾವಳಿಯವರಲ್ಲಿ ವಿಶೇಷವಾಗಿ ಕೇಳುತ್ತಿದ್ದೇನೆ: ದಡಕ್ಕೆ ಬಂದ ದೋಣಿಯ ಮೂತಿಯನ್ನು ಮಾತ್ರ ಪಕ್ಕಕ್ಕೆ ಸರಿಸುವ ಕೆಲಸಕ್ಕೆ ನಿಮ್ಮ ಮೀನುಗಾರರಲ್ಲಿ ಒಂದು ಕ್ರಿಯಾಪದ ಇದ್ದೇ ಇರಬೇಕು. ನಮ್ಮ ಹೊಳೆಯ ಹಿರಿಯರನ್ನು ಕೇಳಿದರೆ ಮಾತಾಡದೆ ಗಳ ಊರಿ ತೋರಿಸಿದರು. ಆ ಪದ ಯಾವುದು?