1978ರ ಎಲೆಕ್ಷನ್ ಫೂಟೇಜ್ ಎಲ್ಲಿ ಹುಡುಕೋದು? ಅಟ್ಟದಲ್ಲಿ ಸಿಕ್ಕಿರೋ ರೀಲು ಏನ್ ಮಾಡೋದು?

ತೋಟದಮನೆ_ಚಿಕ್ಕಮಗಳೂರು:
ನಮಸ್ಕಾರ ಎಲ್ರಿಗೂ. 1978ರ ಚಿಕ್ಕಮಗಳೂರು ಬೈ ಎಲೆಕ್ಷನ್ ಬಗ್ಗೆ ಡಾಕ್ಯುಮೆಂಟರಿ ಮಾಡ್ತಿದೀವಿ, ಇಂದಿರಾ ಗಾಂಧಿ ವೀರೇಂದ್ರ ಪಾಟೀಲರ ಎದುರು ಗೆದ್ರಲ್ಲ, ಅದು. ಪೇಪರ್ ಕಟಿಂಗ್ ಬೇಕಾದಷ್ಟಿದೆ, ವಿಡಿಯೋನೇ ಇಲ್ಲ. ಬೆಂಗಳೂರು ದೂರದರ್ಶನದಲ್ಲಿ ಕೇಳ್ಬೇಕಾ? ಇದ್ರ ಮಧ್ಯೆ ಮೂಡಿಗೆರೆ ಹತ್ರ ನೆಂಟರ ಮನೆ ಅಟ್ಟದಲ್ಲಿ ಒಂದ್ ಟ್ರಂಕ್ ಸೂಪರ್ 8 (ಮನೆಲಿ ಸಿನಿಮಾ ತೆಗೆಯೋಕೆ ಬಳಸ್ತಿದ್ದ ಚಿಕ್ಕ ಫಿಲ್ಮ್) ರೀಲು ಸಿಕ್ಕಿದೆ, ದೊಡ್ಡಪ್ಪ ತೆಗೆದಿದ್ದಂತೆ, ಕೆಲವಕ್ಕೆ ಬೂಷ್ಟು ಹಿಡಿದಿದೆ, ಕೆಲವು ಡಬ್ಬಿ ತೆಗೆದ್ರೆ ವಿನೆಗರ್ ವಾಸ್ನೆ. ಹಳೇ ಪ್ರೊಜೆಕ್ಟರ್ ಇದೆ, ಹಾಕಿ ನೋಡ್ಲಾ? ಅಮ್ಮ ಬಲ್ಬ್ ಹಾಕಿರೋ ಬೀರುಲಿ ಇಡು ಅಂತಿದಾರೆ.

ಕತ್ತರಿ_ಟೇಬಲ್:
ದಯವಿಟ್ಟು ಪ್ರೊಜೆಕ್ಟರ್‌ಗೆ ಹಾಕ್ಬೇಡಿ!! ಹಳೇ ಫಿಲ್ಮ್ ಕುಗ್ಗಿರುತ್ತೆ, ಅದರ ಅಂಚಿನ ತೂತುಗಳು ಪ್ರೊಜೆಕ್ಟರ್ ಹಲ್ಲಿಗೆ ಸರಿಯಾಗಿ ಕೂರಲ್ಲ, ಹರಿದೇ ಹೋಗುತ್ತೆ. ಆ ವಾಸ್ನೆ ಅಸಿಟೇಟ್ (ಒಂಥರ ಪ್ಲಾಸ್ಟಿಕ್) ಫಿಲ್ಮ್ ಕೊಳೀತಿರೋದು, ಹೊರಬರೋ ಆಸಿಡ್ಡೇ ಕೊಳೆಯೋದನ್ನ ಇನ್ನೂ ಜೋರು ಮಾಡುತ್ತೆ, ಪಕ್ಕದ ರೀಲಿಗೂ ತಗಲುತ್ತೆ, ಅದಕ್ಕೆ ವಾಸ್ನೆ ಬರೋವನ್ನ ಇವತ್ತೇ ಬೇರೆ ಇಡಿ, ಮೊದಲು ಅವನ್ನೇ ಸ್ಕ್ಯಾನ್ ಮಾಡ್ಸಿ. ನಮ್ಮ ಮಳೆಗಾಲಕ್ಕೆ ಬಟ್ಟೆಗೆ ಬಲ್ಬ್ ಬೀರು ಸರಿ, ಫಿಲ್ಮಿಗೆ ಆ ಬಿಸಿ ಆಗಲ್ಲ. ತಣ್ಣಗೆ, ಒಣಗಿರೋ ಜಾಗ ಬೇಕು. ಬೂಷ್ಟನ್ನ ಒದ್ದೆ ಬಟ್ಟೆಲಿ ಒರೆಸ್ಬೇಡಿ, ಎಮಲ್ಷನ್ನೇ, ಅಂದ್ರೆ ಚಿತ್ರ ಇರೋ ಪದರಾನೇ, ಎದ್ದು ಬರುತ್ತೆ.

ಸ್ಕ್ಯಾನ್ ಮಾಡೋರಿಗೆ ಒಂದೊಂದ್ ಫ್ರೇಮೂ ಬೇರೆ ಬೇರೆ ತೆಗೀರಿ ಅಂತ ಹೇಳಿ. ಸೂಪರ್ 8 ಸಾಮಾನ್ಯವಾಗಿ ಸೆಕೆಂಡಿಗೆ 18 ಫ್ರೇಮು, ಅದನ್ನ ನೇರ ವಿಡಿಯೋದ 25 ಫ್ರೇಮಿಗೆ ಓಡಿಸಿದ್ರೆ ಜನ ಗಡಿಬಿಡಿಲಿ ಓಡ್ತಿರೋ ಹಂಗೆ ಕಾಣ್ತಾರೆ, ಆ ಕಾಲದವ್ರಿಗೆ ಮಾಡೋ ಅವಮಾನ ಅದು.

ರೀಲ್_ಹುಡುಕಾಟ:
ಬೆಂಗಳೂರು ದೂರದರ್ಶನ ಶುರುವಾಗಿದ್ದೇ 1981ರಲ್ಲಿ, ಅಲ್ಲಿ ಕೇಳಿ ಪ್ರಯೋಜನ ಇಲ್ಲ. ಆಗ ಥಿಯೇಟರಲ್ಲಿ ಸಿನಿಮಾಗೆ ಮುಂಚೆ ನ್ಯೂಸ್‌ರೀಲ್ ಹಾಕ್ತಿದ್ರಲ್ಲ, ಅದು 1948ರಲ್ಲಿ ಶುರುವಾದ ಸರ್ಕಾರಿ ಫಿಲ್ಮ್ಸ್ ಡಿವಿಷನ್‌ದು. ಈಗ ಅದೂ, 1964ರ ಪುಣೆ ಫಿಲ್ಮ್ ಆರ್ಕೈವೂ ಎನ್‌ಎಫ್‌ಡಿಸಿ (ಕೇಂದ್ರ ಸರ್ಕಾರದ ಚಲನಚಿತ್ರ ನಿಗಮ) ಕೈಲಿದೆ. ಪತ್ರ ಬರೆಯೋವಾಗ 1978 ನವೆಂಬರ್ ಆಸುಪಾಸು ಅಂತ ತಿಂಗಳು, ಊರು, ವ್ಯಕ್ತಿ ಮೂರನ್ನೂ ಹಾಕಿ. ವಿದೇಶಿ ನ್ಯೂಸ್ ಏಜೆನ್ಸಿಗಳ ಆರ್ಕೈವ್ ಆನ್‌ಲೈನಲ್ಲೇ ಹುಡುಕ್ಬೋದು, ರೇಟು ಮಾತ್ರ ಮೊದಲೇ ಕೇಳ್ಕೊಳಿ.

ಹೇಮಾವತಿ_ದಂಡೆ_ಹಾಸನ:
ನಂಗೆ ಆ ಟ್ರಂಕೇ ದೊಡ್ಡದು ಅನ್ಸುತ್ತೆ. ಸರ್ಕಾರದ ಕ್ಯಾಮೆರಾ ವೇದಿಕೆ ಕಡೆ ತಿರುಗಿರುತ್ತೆ, ನಿಮ್ಮ ದೊಡ್ಡಪ್ಪನ್ದು ಸಂತೆ, ತೋಟ, ಕೆಲಸದವ್ರ ಕಡೆ. ನಮ್ಮಲ್ಲಿ ಗೊರೂರು ಡ್ಯಾಮಿಗೆ ಊರುಗಳೇ ಮುಳುಗಿದ್ವು, ಶೆಟ್ಟಿಹಳ್ಳಿ ಚರ್ಚ್ ಆದ್ರೂ ಬೇಸಿಗೇಲಿ ನೀರಿಂದ ಮೇಲೆ ಕಾಣುತ್ತೆ, ಆ ಕೇರಿಗಳು ಯಾರ ಮನೆ ರೀಲಲ್ಲಾದ್ರೂ ಇದಾವಾ ಅಂತ ನಾನು ಇವತ್ತಿಗೂ ಕೇಳ್ತಾನೇ ಇದೀನಿ. ಸ್ಕ್ಯಾನ್ ಆದ್ಮೇಲೆ ಮನೆ ಹಿರಿಯರ ಮುಂದೆ ಓಡ್ಸಿ, ಅವ್ರು ಇವ್ರು ಇಂಥೋರು ಅಂತ ಹೇಳೋದನ್ನ ರೆಕಾರ್ಡ್ ಮಾಡಿ. ಡಬ್ಬಿ ಮೇಲಿನ ಬರಹದ ಫೋಟೋ ತೆಗೀರಿ, ಸ್ಕ್ಯಾನ್ ಆಯ್ತು ಅಂತ ಮೂಲ ರೀಲು ಎಸೀಬೇಡಿ.

ತೋಟದಮನೆ_ಚಿಕ್ಕಮಗಳೂರು:
ತುಂಬಾ ಥ್ಯಾಂಕ್ಸ್ ಎಲ್ರಿಗೂ. ವಾಸ್ನೆ ಬರೋ ಡಬ್ಬಿಗಳನ್ನ ಈಗ್ಲೇ ಬೇರೆ ಎತ್ತಿಡ್ತೀನಿ. ದೊಡ್ಡಮ್ಮನಿಗೆ ಎಲ್ಲಾ ಮುಖನೂ ಗುರುತಿದೆ, ಅವ್ರನ್ನ ಕೂರಿಸ್ತೀನಿ. ಬೆಂಗಳೂರಲ್ಲಿ ಸೂಪರ್ 8 ಸ್ಕ್ಯಾನ್ ಮಾಡೋರು ಯಾರಾದ್ರೂ ಗೊತ್ತಿದ್ರೆ ಇಲ್ಲೇ ಹಾಕಿ.