ಅಪ್‌ಡೇಟ್: ನಾಯಿಯ ಕೂದಲು ಬೋಳಿಸಲಿಲ್ಲ

ಹೋದ ವಾರ ಕೇಳಿದ್ದೆ ಅಲ್ವಾ, ಮಧ್ಯಾಹ್ನ ವಾಕಿಂಗ್ ಮುಗಿಸಿ ಬಂದ ನಮ್ಮ ನಾಯಿ ನಾಲಿಗೆ ಚಾಚಿ ಒಂದೇ ಸಮ ಏದುಸಿರು ಬಿಡುತ್ತಿದೆ, ಮೈ ಕೂದಲು ಬೋಳಿಸಿಬಿಡಲಾ ಅಂತ. ಬೋಳಿಸಲಿಲ್ಲ. ಡಾಕ್ಟರ್ ಬೇಡವೇ ಬೇಡ ಅಂದರು. ಎರಡು ಪದರದ ಕೂದಲಿರುವ ನಾಯಿಗೆ ಬಿಸಿಲು ತಡೆಯುವುದೇ ಅದು, ಉದುರುವ ಕೂದಲು ಬಾಚಿ ತೆಗೆದರೆ ಸಾಕಂತೆ. ಒಂದು ಸಲ ಬಾಚಿದ್ದಕ್ಕೆ ಇನ್ನೊಂದು ನಾಯಿ ಮಾಡುವಷ್ಟು ಬಂತು!

ತಪ್ಪು ನನ್ನದೇ ಬಿಡಿ. ಚಪ್ಪಲಿ ಹಾಕಿಕೊಂಡವನಿಗೆ ರಸ್ತೆ ಸುಡುವುದು ಹೇಗೆ ಗೊತ್ತಾಗಬೇಕು? ಈಗ ಹೊರಡುವ ಮುಂಚೆ ಕೈ ಹಿಂಭಾಗವನ್ನು 7 ಸೆಕೆಂಡ್ ನೆಲಕ್ಕಿಟ್ಟು ನೋಡುತ್ತೇನೆ, ತಡೆಯೋಕಾಗದಿದ್ದರೆ ಸೀದಾ ವಾಪಸ್. ಒದ್ದೆ ಟವೆಲ್ ಹೊದಿಸಿಡುವುದನ್ನೂ ಬಿಟ್ಟೆ, ಅದು ಶಾಖವನ್ನು ಒಳಗೇ ಹಿಡಿದಿಡುತ್ತದೆ. ಬದಲಿಗೆ ಹೊಟ್ಟೆ, ಪಾದ ನೆನೆಸಿ ಫ್ಯಾನ್ ಹಾಕುತ್ತೇನೆ. ಸದ್ಯ ಅಡುಗೆಮನೆ ಬಾಗಿಲಿಗೆ ಅಡ್ಡ ಕಾಲು ಚಾಚಿ ಮಲಗಿದೆ, ನಾವೇ ದಾಟಿಕೊಂಡು ಓಡಾಡುತ್ತಿದ್ದೇವೆ.