‘ವರ್ಗಾವಣೆಗೆ ಸವಾಲು’ ಸರಿಯೇ? ಸಂಜೆಯೊಳಗೆ ಬೇಕು

ಎಲ್ಲರಿಗೂ ನಮಸ್ಕಾರ. ಬೆಂಗಳೂರಿನ ನೌಕರರ ಸಂಘವೊಂದಕ್ಕೆ ಎರಡು ಪುಟದ ಕರಪತ್ರ ಅನುವಾದ ಮಾಡುತ್ತಿದ್ದೇನೆ. ಅವಧಿಗೆ ಮುಂಚೆಯೇ ವರ್ಗವಾದವರು ಕೆಎಟಿಗೆ, ಅಂದರೆ ಸರ್ಕಾರಿ ನೌಕರರ ಸೇವಾ ವಿವಾದ ಕೇಳುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಹೋಗುವುದು ಹೇಗೆ ಎಂಬುದು ವಿಷಯ. ‘ವರ್ಗಾವಣೆಗೆ ಕಾನೂನು ಸವಾಲು’ ಎಂದು ತಲೆಬರಹ ಕೊಟ್ಟೆ. ಓದಿದರೆ ಕುಸ್ತಿಗೆ ಕರೆದ ಹಾಗಿದೆ. ‘ಸ್ಟೇ’ಗೆ ‘ತಡೆಯಾಜ್ಞೆ’ ಹಾಕಿದ್ದೇನೆ. ಕೊನೆಯಲ್ಲಿ ‘ಹೈಕೋರ್ಟಿಗೆ ಮೇಲ್ಮನವಿ’ ಅಂತ ಇದೆ. ಸಂಜೆ 5ಕ್ಕೆ ಪ್ರೆಸ್‌ಗೆ ಕೊಡಬೇಕು.

*

ಮೇಡಂ, ‘ಸವಾಲು’ ತೆಗೆಯಿರಿ. ಆದೇಶವನ್ನು ‘ಪ್ರಶ್ನಿಸುತ್ತಾರೆ’. ‘ವರ್ಗಾವಣೆ ಆದೇಶ ಪ್ರಶ್ನಿಸಿ ಅರ್ಜಿ’, ಅಷ್ಟು ಸಾಕು. ಅರಬ್ಬಿಯ ಸವಾಲ್ ಅಂದರೂ ಪ್ರಶ್ನೆಯೇ. ಆ ಹಳೆಯ ಅರ್ಥ ಕೋರ್ಟಿನಲ್ಲಿ ಎದುರು ಪಕ್ಷದ ಸಾಕ್ಷಿಯನ್ನು ಪ್ರಶ್ನಿಸುವ ನಮ್ಮ ‘ಪಾಟೀಸವಾಲಿ’ನಲ್ಲಿ ಇನ್ನೂ ಉಸಿರಾಡುತ್ತಿದೆ. ಪಂಥಕ್ಕೆ ಕರೆಯುವ ಅರ್ಥ ಮಾತ್ರ ಈಗ ಜಾಸ್ತಿ ಓಡುತ್ತಿದೆ.

‘ಮೇಲ್ಮನವಿ’ ತಪ್ಪು. ಕೆಎಟಿ 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯಡಿ ಬಂದದ್ದು. ಅದರ ತೀರ್ಪಿನ ಮೇಲೆ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ ಹೋಗಬಹುದು ಎಂದು ಸುಪ್ರೀಂ ಕೋರ್ಟ್ 1997ರಲ್ಲಿ ಹೇಳಿತು. ಆದರೆ ಹೋಗುವುದು ರಿಟ್ ಅರ್ಜಿ ಹಿಡಿದು, ಅಂದರೆ ಸಂವಿಧಾನದಡಿ ಹೈಕೋರ್ಟಿಗೆ ಹಾಕುವ ಅರ್ಜಿ.

‘ವಜಾ’ ಬಳಸಿದ್ದರೆ ಹುಷಾರು. ‘ನೌಕರರ ಅರ್ಜಿ ವಜಾ’ ಬೇರೆ, ‘ನೌಕರರು ವಜಾ’ ಬೇರೆ. ಹಾಗೇ ತಡೆಯಾಜ್ಞೆ ಬಂದರೆ ಆದೇಶ ನಿಂತಿರುತ್ತದೆ, ಸತ್ತಿರುವುದಿಲ್ಲ. ಸತ್ತರೆ ಅದು ‘ರದ್ದು’.

*

ಸವಾಲು, ಅರ್ಜಿ, ವಜಾ, ರದ್ದು. ಒಂದಾದರೂ ಕನ್ನಡವೇ? ‘ತಡೆಯಾಜ್ಞೆ’ಯಂತೂ ಕನ್ನಡಕ್ಕೆ ಸಂಸ್ಕೃತ ಬೆಸೆದ ಶುದ್ಧ ಅರಿಸಮಾಸ. ‘ತಡೆಯಾಣೆ’ ಅನ್ನಿ.

*

‘ಆಣೆ’ ಎಲ್ಲಿಂದ ಬಂತು ಸ್ವಾಮಿ? ಆಜ್ಞೆಯ ತದ್ಭವವೇ ಅಲ್ವಾ? ಅದನ್ನು ಕಂಡರೆ ಜನ ದೇವರ ಆಣೆ ಅಂದುಕೊಳ್ಳುತ್ತಾರೆ. ಹಾಗೆ ನೋಡಿದರೆ ‘ವರ್ಗ’ ಸಂಸ್ಕೃತ, ಬದಲಾವಣೆಯ ‘ಬದಲ್’ ಅರಬ್ಬಿ. ಎರಡಕ್ಕೂ ‘ಆವಣೆ’ ಬಾಲ ಅಂಟಿಸಿ ನಮ್ಮದು ಮಾಡಿಕೊಂಡೆವು. ‘ಅವರಿಗೆ ವರ್ಗ ಆಯ್ತು’ ಅನ್ನುವಾಗ ಯಾರಿಗೂ ಸಂಸ್ಕೃತ ನೆನಪಾಗುವುದಿಲ್ಲ. ಅರಬ್ಬಿಯ ‘ರದ್ದು’ ಒಪ್ಪಿದ ಮೇಲೆ ಇಂಗ್ಲಿಷಿನ ‘ಸ್ಟೇ’ಗೆ ಮಾತ್ರ ಯಾಕೆ ಮಡಿ?

*

ಬೇರು ಹುಡುಕುವುದು ಬೇರೆ, ಬೇಲಿ ಕಿತ್ತುಹಾಕುವುದು ಬೇರೆ. ನಾನಿನ್ನು ಬರೆಯುವುದಿಲ್ಲ.

*

ಇಬ್ಬರಿಗೂ ಧನ್ಯವಾದ. ನನ್ನ ತಂಗಿಗೇ ಎರಡು ವರ್ಷದ ಹಿಂದೆ ಹೀಗಾಗಿತ್ತು. ಮೇಜಿನ ಮೇಲೆ ಹಳೆಯ ಹುದ್ದೆಯಿಂದ ಬಿಡುಗಡೆ ಮಾಡುವ ಆದೇಶ. ಸಹಿ ಹಾಕಿ ತಗೊಳ್ಳಿ ಅಂತ ಗುಮಾಸ್ತರು ಕಾಯುತ್ತಿದ್ದರು. ಅವಳು ಪೆನ್ನು ಮುಟ್ಟದೆ ವಕೀಲರಿಗೆ ಫೋನ್ ಮಾಡಿ ಕೇಳಿದ್ದು ಒಂದೇ ಮಾತು: ‘ಸ್ಟೇ ಸಿಕ್ತಾ ಸರ್?’ ಆ ಹೊತ್ತಿನಲ್ಲಿ ಯಾರ ಬಾಯಿಗೂ ಬೇರೆ ಪದ ಬರುವುದಿಲ್ಲ. ಹಾಗಾಗಿ ‘ತಡೆಯಾಜ್ಞೆ, ಅಂದರೆ ಸ್ಟೇ’ ಎಂದು ಮೊದಲ ಸಲ ಎರಡನ್ನೂ ಬರೆದಿದ್ದೇನೆ. ‘ಮೇಲ್ಮನವಿ’ ಹೋಗಿ ‘ರಿಟ್ ಅರ್ಜಿ’ ಬಂತು. ತಲೆಬರಹ: ‘ವರ್ಗಾವಣೆ ಪ್ರಶ್ನಿಸುವುದು ಹೇಗೆ?’

ಇನ್ನೊಂದು ಉಳಿದಿದೆ, ಬೇಗ ಹೇಳಿ. ‘ಸ್ಥಳ ನಿರೀಕ್ಷಣೆ’ ಅಂದರೆ ಹುದ್ದೆ ತೋರಿಸದೆ ಕಾಯಿಸುವುದು ಎಂದು ಹೊಸಬರಿಗೆ ತಿಳಿಯುತ್ತದೆಯೇ?